ಬಣ್ಣದ ವೇಷವೂ ಜಪಾನಿನ ಅನಿಮೆಯೂ

ನರಿಮೊಗರು, ಪುತ್ತೂರು ಮೊದಲಾದ ನಮ್ಮ ಸೀಮೆಯಲ್ಲಿ ತೆಂಕುತಿಟ್ಟಿನ ಬಯಲಾಟವನ್ನು ನೋಡಿ ಬೆಳೆದ ಬಾಲಿಕೆಯು, ರಂಗಸ್ಥಳಕ್ಕೆ ಬಂದ ಪಾತ್ರವು ಬಾಯಿ ತೆರೆಯುವದಕ್ಕೆ ಮೊದಲೇ ಅದರ ಸ್ವಭಾವವನ್ನು ಊಹಿಸಬಲ್ಲಳು. ಮುಖದ ಮೇಲೆ ಅಕ್ಕಿಹಿಟ್ಟು ಸುಣ್ಣಗಳ ಚಿಟ್ಟಿಯು ಮುಳ್ಳಿನಂತೆ ಎದ್ದಿದ್ದರೆ ಅದು ರಾಕ್ಷಸನ ಬಣ್ಣದ ವೇಷ. ಎಳೆಯ ಮುಖದಿಂದ ಗಿರಗಿರನೆ ತಿರುಗುತ್ತಾ ಬಂದರೆ ಅಭಿಮನ್ಯುವಿನಂಥ ಪುಂಡುವೇಷ. ದೊಂದಿಯ ಬೆಳಕಿನ ಕಾಲದಲ್ಲಿ, ಗದ್ದೆಯ ಕೊನೆಯಲ್ಲಿ ಕುಳಿತವರಿಗೂ ಈ ದಪ್ಪ ಗೆರೆಗಳಿಂದಲೇ ಪಾತ್ರದ ಗುರುತು ಸಿಕ್ಕುತ್ತಿತ್ತು.

ಅನಿಮೆ ಎಂಬ ಜಪಾನೀಯರ ಚಲಿಸುವ ಚಿತ್ರಕಥೆಗಳಲ್ಲಿಯೂ ಇಂಥ ಕಟ್ಟಳೆಗಳುಂಟು. ಅಲ್ಲಿ ಅವುಗಳನ್ನು ಬಲಪಡಿಸಿದ್ದು ಹಣದ ಮತ್ತು ಸಮಯದ ಅಭಾವ. ತೆಜುಕಾ ಒಸಾಮು ಎಂಬವರು 1963ನೇ ಜನವರಿಯಲ್ಲಿ 'ತೆತ್ಸುವಾನ್ ಆತೊಮು' ಎಂಬ ಯಂತ್ರಬಾಲಕನ ಕಥೆಯನ್ನು ಟೆಲಿವಿಷನಿನಲ್ಲಿ ವಾರವಾರವೂ ತೋರಿಸತೊಡಗಿದರು. ಚಲಚ್ಚಿತ್ರದಲ್ಲಿ ಸೆಕೆಂಡಿಗೆ 24 ಚಿತ್ರಗಳು ಓಡುವವು. ಅಷ್ಟನ್ನೂ ಬರೆಯಲಾಗದೆ, ಒಂದೊಂದನ್ನು ಮೂರು ಸಾರಿ ತೋರಿಸಿ 8ರಲ್ಲಿಯೇ, ಕೆಲವೆಡೆ ಇನ್ನೂ ಕಡಿಮೆಯಲ್ಲಿ, ಕೆಲಸ ಸಾಗಿಸಿದರು. ದೇಹವು ನಿಶ್ಚಲವಾಗಿದ್ದು ತುಟಿ ರೆಪ್ಪೆಗಳು ಮಾತ್ರ ಆಡುವಾಗ ಭಾವದ ಭಾರವನ್ನು ಕಣ್ಣೇ ಹೊರಬೇಕು. ತೆಜುಕಾ ಅವರು ಡಿಸ್ನಿಯ ಚಿತ್ರಗಳಿಂದ ಕಲಿತ ದೊಡ್ಡ ಕಣ್ಣು ಇಲ್ಲಿ ಉಪಯೋಗಕ್ಕೆ ಬಂತು. ಆ ಕಣ್ಣುಗಳನ್ನು ಕಂಡು ನಗುವ ಹಿರಿಯರು ಬಣ್ಣದ ವೇಷದ ಕಣ್ಣುಗಳನ್ನು ಒಮ್ಮೆ ನೆನಸಲಿ!

ಸುಮ್ಮನಿರುವದರಲ್ಲಿಯೂ ಇವರು ನಿಪುಣರು. ಮಿಯಾಜಾಕಿ ಹಯಾವೊ ಅವರ 'ತೊತೊರೊ' (1988) ಚಿತ್ರದಲ್ಲಿ ಅಕ್ಕತಂಗಿಯರು ತಂದೆ ಬರುವ ಬಸ್ಸನ್ನು ಮಳೆಯಲ್ಲಿ ಕಾಯುವರು. ನೀರು ತೊಟ್ಟಿಕ್ಕುವದು, ತಂಗಿ ತೂಕಡಿಸುವಳು. ಇಂಥ ಬಿಡುವಿಗೆ ಜಪಾನಿನಲ್ಲಿ 'ಮಾ' ಎಂದು ಹೆಸರು. ಆಟಿಯ ಮಳೆಯಲ್ಲಿ ಬಸ್ಸು ಕಾದವರಿಗೆ ಇದರ ವ್ಯಾಖ್ಯಾನ ಬೇಡ.

ಅವರದೇ 2001ರ ಚಿತ್ರವೊಂದು 2003ರಲ್ಲಿ ಆಸ್ಕರ್ ಪಡೆಯಿತು. ಚಿಹಿರೊ ಎಂಬ ಹತ್ತು ವರುಷದ ಹುಡುಗಿಯು, ಹಂದಿಗಳಾಗಿ ಮಾರ್ಪಟ್ಟ ತಂದೆತಾಯಿಗಳನ್ನು ಬಿಡಿಸುವದಕ್ಕಾಗಿ ಮಾಟಗಾತಿಯೊಬ್ಬಳ ಸ್ನಾನಗೃಹದಲ್ಲಿ ದುಡಿಯುವಳು. ಕ್ರೂರಿಯಾದ ಆ ಮಾಟಗಾತಿಗೂ ದಯಾಳುವಾದ ಅವಳ ಅವಳಿ ಸೋದರಿಗೂ ಒಂದೇ ಮುಖ! ವೇಷದಿಂದ ಗುಣವನ್ನು ಓದುವ ನಮ್ಮ ಅಭ್ಯಾಸವು ಇಲ್ಲಿ ಸೋಲುವದು. ಬಯಲಾಟದಲ್ಲಿಯಾದರೋ ಬಣ್ಣವು ಮುಚ್ಚಿದ ಮನುಷ್ಯತ್ವವನ್ನು ಅರ್ಥಗಾರಿಕೆಯು ಬಿಚ್ಚಿ ತೋರಿಸುತ್ತದೆ.

ಜಪಾನಿನ ಸಾಕೊ ಯುಗೊ ಅವರೂ ನಮ್ಮ ದೇಶದ ರಾಮ್ ಮೋಹನರೂ ಕೂಡಿ 1990ರ ದಶಕದ ಆರಂಭದಲ್ಲಿ ಇದೇ ರೀತಿಯಿಂದ ರಾಮಾಯಣವನ್ನು ಚಿತ್ರಿಸಿದರು. ಅದು 2025ನೇ ಜನವರಿಯಲ್ಲಿ ಭಾರತದ ಚಿತ್ರಮಂದಿರಗಳಿಗೆ ಬಂದಾಗ ಹಿಂದೀ, ತಮಿಳು, ತೆಲುಗು, ಇಂಗ್ಲಿಷು ಭಾಷೆಗಳಲ್ಲಿ ಮಾತಾಡಿತು. ಕನ್ನಡದಲ್ಲಿ ಆಡಲಿಲ್ಲ. ತಾಳಮದ್ದಳೆಯ ಈ ನಾಡಿನಲ್ಲಿ ಆ ರಾವಣನಿಗೆ ಮಾತು ಕೊಡಬಲ್ಲ ಅರ್ಥಧಾರಿಗಳಿಗೆ ಬರಗಾಲವೇನೂ ಇರಲಿಲ್ಲ.