ನಿಮಗಿದು ಗೊತ್ತೆ? ಒಂದೇ ಸಭೆ, ಎರಡು ಬಗೆಯ ದೀಕ್ಷಾಸ್ನಾನ

ಶಿಶುವಿಗೆ ದೀಕ್ಷಾಸ್ನಾನ ಕೊಡಬೇಕೆ, ಬೆಳೆದು ನಂಬಿದವರಿಗೆ ಮಾತ್ರವೆ? ಉತ್ತರ ಭಾರತ ಸಭೆ ಎರಡನ್ನೂ ಸಮಾನವಾಗಿ ಒಪ್ಪುತ್ತದೆ. ಯುರೋಪಿನಲ್ಲಿ ಕ್ರೈಸ್ತರನ್ನು ಒಡೆದು, ರಕ್ತವನ್ನೂ ಹರಿಸಿದ ಪ್ರಶ್ನೆಯಿದು!

1970ರ ನವೆಂಬರ್ 29ರಂದು ನಾಗಪುರದಲ್ಲಿ ಆಂಗ್ಲಿಕನ್, ಬ್ಯಾಪ್ಟಿಸ್ಟ್ ಸೇರಿದಂತೆ ಆರು ಸಭೆಗಳು ಒಂದಾಗಿ ಈ ಉತ್ತರ ಭಾರತ ಸಭೆ ಹುಟ್ಟಿತು. ಸೊಲ್ಲಾಪುರದಲ್ಲಿ ಅಮೆರಿಕನ್ ಮರಾಠಿ ಮಿಷನ್ ಬೆಳೆಸಿದ ಸಭೆಗಳೂ ಈ ಧಾರೆಗೆ ಸೇರಿದವು. ಅಕ್ಕಲಕೋಟೆಯಾಚೆ ಕಲಬುರಗಿ ಸೀಮೆಯಲ್ಲಿ ನೆಲೆಯೂರಿದ್ದ ಅಮೆರಿಕನ್ ಮೆಥಡಿಸ್ಟ್ ಪರಂಪರೆಯ ಸಭೆ ಮಾತ್ರ ಕೊನೆಗಳಿಗೆಯಲ್ಲಿ ಹಿಂದೆ ಸರಿಯಿತು. ಅದು ವಿಷಾದದ ಸಂಗತಿ.

ಇನ್ನು ವಿಜಯಪುರದ ಕಡೆ ಇರುವುದು 1947ರಲ್ಲಿ ಹುಟ್ಟಿದ ದಕ್ಷಿಣ ಭಾರತ ಸಭೆ. ಆಡಳಿತ ಬೇರೆಯಾದರೂ ಉತ್ತರ, ದಕ್ಷಿಣ ಭಾರತ ಸಭೆಗಳೆರಡೂ ಕೇರಳದ ಮಾರ್ ತೋಮಾ ಸಭೆಯೊಡನೆ 1978ರಲ್ಲಿ ಜಂಟಿ ಮಂಡಳಿ ರಚಿಸಿಕೊಂಡವು. ಒಂದು ಸಭೆಯ ಸದಸ್ಯರಿಗೆ ಇನ್ನೊಂದರ ಪ್ರಭುಭೋಜನದಲ್ಲಿ ಪಾಲುಂಟು.