ಒಂದೇ ಹಿತ್ತಲು, ಎರಡು ಮಣ್ಣು

ಗುಡ್ನಾಪುರದ ಕೆರೆಯ ಮೇಲಿನ ಮಂಜು ಇನ್ನೂ ಪೂರ್ತಿ ಎದ್ದಿಲ್ಲ. ಮಳೆಗಾಲ ಕಳೆದು ಹಿತ್ತಲ ನೆಲ ಹದವಾಗಿ ಆರಿದೆ. ದಾಸವಾಳದ ಸಾಲಿನಲ್ಲಿ ತಾಯಿ ದರಕು ಸರಿಸುತ್ತಾರೆ, ಮಗ ಗುದ್ದಲಿ ಹಾಕುತ್ತಾನೆ. ಆರಿಂಚು ಆಳದ ಇಳಿಜಾರು ಗುಂಡಿ. ಅದರ ಪಕ್ಕದಿಂದ ಮೇಲಿಂದ ಕೆಳಗಿನ ತನಕ ತೆಳ್ಳಗೆ ಒಂದು ಹೋಳು ಕೆತ್ತಿ ಬುಟ್ಟಿಗೆ. ಹೀಗೆ ಎಂಟು ಹತ್ತು ಕಡೆ.

ಬುಟ್ಟಿ ತುಂಬಿದ್ದು ಜಂಬಿಟ್ಟಿಗೆಯ ಕೆಂಪು. ಹಿಸುಕಿದರೆ ಉಂಡೆ, ಹೆಬ್ಬೆರಳು ತಾಗಿಸಿದರೆ ಉದುರು. ಈ ಸೀಮೆಯ ಜಡಿಮಳೆ ಮಣ್ಣಿನ ಸುಣ್ಣವನ್ನೂ ಮೆಗ್ನೀಸಿಯಂ ಅನ್ನೂ ತೊಳೆದೊಯ್ಯುತ್ತದೆ, ಉಳಿಯುವುದು ಹುಳಿಮಣ್ಣು. ಹುಳಿ ಹೆಚ್ಚಾದಲ್ಲಿ ಕಬ್ಬಿಣ, ಅಲ್ಯೂಮಿನಿಯಂಗಳು ರಂಜಕವನ್ನು ಹಿಡಿದಿಟ್ಟುಕೊಳ್ಳುತ್ತವೆ. ಗೊಬ್ಬರ ಸುರಿದರೂ ಬೇರಿಗೆ ದಕ್ಕುವುದು ಅಷ್ಟಕ್ಕಷ್ಟೇ.

"ಬಚ್ಚಲ ಹಿಂದಿಂದೂ ಒಂದು ಮುಷ್ಟಿ ಹಾಕೋ."

"ಬ್ಯಾಡ ಅಮ್ಮಾ, ಅದು ಬೇರೆ ಮಣ್ಣು."

ಬೇರೆಯೇ ಹೌದು. ಬಚ್ಚಲೊಲೆಯ ಬೂದಿ ವರ್ಷಗಟ್ಟಲೆ ಬಿದ್ದ ಜಾಗ ಅದು. ಮಣ್ಣು ಕಪ್ಪಗೆ, ಹುಡಿಹುಡಿ. ಅಲ್ಲೊಂದು ಕರಿಬೇವು. ಚಿಗುರೆಲೆಯೆಲ್ಲ ಹಳದಿ, ನರ ಮಾತ್ರ ಹಸಿರು. ಕಬ್ಬಿಣ ಸಿಗದ ಗಿಡಗಳಲ್ಲಿ ಕಾಣುವ ಗುರುತು. ಕಬ್ಬಿಣದಿಂದಲೇ ಕೆಂಪಾದ ನೆಲದಲ್ಲಿ ಗಿಡಕ್ಕೆ ಕಬ್ಬಿಣದ ಹಸಿವು! ಬೂದಿ ಕ್ಷಾರ, ಕ್ಷಾರ ಏರಿದಂತೆ ಕಬ್ಬಿಣ ಕರಗದೆ ಕುಳಿತುಬಿಡುತ್ತದೆ. ಇಪ್ಪತ್ತು ಹೆಜ್ಜೆಯ ಅಂತರದಲ್ಲಿ ಒಂದು ಗಿಡಕ್ಕೆ ಸುಣ್ಣ ಬೇಕಾಗಬಹುದು, ಇನ್ನೊಂದಕ್ಕೆ ಸುಣ್ಣವೇ ಕೇಡು. ಎರಡೂ ಮಣ್ಣನ್ನು ಬೆರೆಸಿ ಕಳಿಸಿದರೆ ಬರುವ ಅಂಕಿ ಯಾವ ಗಿಡದ್ದೂ ಅಲ್ಲ. ಮಣ್ಣುಪರೀಕ್ಷೆ ಗೆಲ್ಲುವುದೋ ಸೋಲುವುದೋ ಪ್ರಯೋಗಾಲಯದಲ್ಲಲ್ಲ, ಈ ಬುಟ್ಟಿಯಲ್ಲೇ ಎಂದು ನನಗನಿಸುತ್ತದೆ.

ಇದೇ ಊರಿನ ಕಂಬಶಾಸನದಲ್ಲಿ ಕದಂಬರ ರವಿವರ್ಮ ಕಾಮನ ಗುಡಿಗೆ ಬಿಟ್ಟ ಭೂಮಿಯ ಲೆಕ್ಕವಿದೆ. ನೆಲವನ್ನು ತುಂಡುತುಂಡಾಗಿ ಗುರುತಿಸುವುದು ಇಲ್ಲಿಗೆ ಹೊಸತಲ್ಲ.

ಜಗಲಿಯಲ್ಲಿ ಹಳೆಯ ಪಂಚೆ ಹಾಸಿ ದಾಸವಾಳದ ಮಣ್ಣನ್ನು ಸುರಿದರು. ಬೇರು, ಕಲ್ಲು ಆರಿಸಿ, ವೃತ್ತ ಮಾಡಿ ನಾಲ್ಕು ಪಾಲು. ಎದುರುಬದುರಿನ ಎರಡು ಪಾಲು ಹೊರಗೆ. ಮತ್ತೆ ಬೆರೆಸಿ, ಮತ್ತೆ ನಾಲ್ಕು. ಅರ್ಧ ಕಿಲೋ ಉಳಿಯುವ ತನಕ ಅದೇ ಆಟ. ಕರಿಬೇವಿನ ಮಣ್ಣಿಗೆ ಬೇರೆ ಪಂಚೆ, ಬೇರೆ ಚೀಟಿ. ಬಿಸಿಲು ತಾಗದಂತೆ ನೆರಳಲ್ಲೇ ಒಣಗಬೇಕು. ಆಮೇಲೆ ಶಿರಸಿಯ ಕೃಷಿ ವಿಜ್ಞಾನ ಕೇಂದ್ರಕ್ಕೆ. 2015ರಲ್ಲಿ ಶುರುವಾದ ಮಣ್ಣು ಆರೋಗ್ಯ ಚೀಟಿಯಲ್ಲಿ ರಸಸಾರ, ಸಾವಯವ ಇಂಗಾಲ, ಸತು, ಬೋರಾನ್ ಸೇರಿ 12 ಅಂಶಗಳ ಲೆಕ್ಕ.

ಸಂಜೆ ಬಚ್ಚಲೊಲೆ ಆರಿದ ಮೇಲೆ ತಾಯಿ ಬೂದಿಯ ಡಬ್ಬ ಹಿಡಿದು ಎಂದಿನಂತೆ ಹಿಂದಕ್ಕೆ ಹೊರಟರು. ಕರಿಬೇವಿನ ಹತ್ತಿರ ನಿಂತರು. ಡಬ್ಬವನ್ನು ಹಾಗೇ ತಂದು ಕೊಟ್ಟಿಗೆಯ ಮೂಲೆಯಲ್ಲಿಟ್ಟು, ಮೇಲೊಂದು ತಗಡು ಮುಚ್ಚಿದರು.