ಹ್ಯಾಂಪ್‌ಸ್ಟೆಡ್ ಬಯಲಿನ ಖಾಲಿ ಭಿಕ್ಷಾಪಾತ್ರೆ

1978ರ ಒಂದು ಬೆಳಿಗ್ಗೆ. ಲಂಡನ್ನಿನ ಹ್ಯಾಂಪ್‌ಸ್ಟೆಡ್ ಹೀತ್ ಎಂಬ ವಿಶಾಲ ಬಯಲಿನಲ್ಲಿ ತಲೆ ಬೋಳಿಸಿಕೊಂಡ ಕೆಲವು ಬಿಳಿಯರು ಚೀವರ ಹೊದ್ದು, ಭಿಕ್ಷಾಪಾತ್ರೆ ಹಿಡಿದು ನಡೆಯುತ್ತಿದ್ದರು. ದಿನವೂ ಹೀಗೇ ಹೊರಡುತ್ತಿದ್ದರು, ಬಹುಪಾಲು ಖಾಲಿ ಪಾತ್ರೆಯಲ್ಲೇ ಮರಳುತ್ತಿದ್ದರು. ನಮ್ಮ ವಟುಗಳು ‘ಭವತಿ ಭಿಕ್ಷಾಂ ದೇಹಿ’ ಎಂದು ಬಾಯಿಬಿಟ್ಟು ಕೇಳುತ್ತಾರೆ. ಬೌದ್ಧ ಭಿಕ್ಷುವಿಗೆ ಅಷ್ಟು ಕೇಳುವುದಕ್ಕೂ ಅನುಮತಿಯಿಲ್ಲ. ಮೌನವಾಗಿ ನಡೆಯಬೇಕು, ಕೊಟ್ಟವರಿದ್ದರೆ ಉಂಟು.

ಆ ದಿನ ಅದೇ ಬಯಲಿನಲ್ಲಿ ಓಡುತ್ತಿದ್ದ ಒಬ್ಬಾತ ಕುತೂಹಲದಿಂದ ನಿಂತು ಮಾತನಾಡಿಸಿದ. ಅವನು ಬೌದ್ಧನಲ್ಲ. ದಕ್ಷಿಣದ ಪಶ್ಚಿಮ ಸಸೆಕ್ಸ್‌ನಲ್ಲಿ ಹ್ಯಾಮರ್ ವುಡ್ ಎಂಬ ನೂರು ಎಕರೆಗೂ ಮಿಕ್ಕ ಕಾಡು ಅವನದಾಗಿತ್ತು. ಅದನ್ನು ಹಿಂದಿನ ಸ್ಥಿತಿಗೆ ತರಬೇಕೆಂದು ಕೊಂಡಿದ್ದ. ಒಬ್ಬನಿಂದ ಆಗದ ಕೆಲಸ ಎಂದು ಅರಿವಾಗಿತ್ತು. ಸ್ವಲ್ಪ ಕಾಲದಲ್ಲೇ ಆ ಕಾಡನ್ನು ಭಿಕ್ಷುಗಳಿಗೆ ದಾನ ಕೊಟ್ಟುಬಿಟ್ಟ. ಇಂಗ್ಲೆಂಡಿನ ಬೌದ್ಧಧರ್ಮದ ಕಥೆ ತಿರುವು ಪಡೆದದ್ದು ಆ ಖಾಲಿ ಪಾತ್ರೆಯಿಂದ.

ಬುದ್ಧ ಆ ದೇಶಕ್ಕೆ ಅಪರಿಚಿತನೇನಲ್ಲ. ಆದರೆ ಅವನು ಬಂದದ್ದು ಪುಸ್ತಕದ ರೂಪದಲ್ಲಿ. ಒಂದು ಕಾಲಕ್ಕೆ ಪುಣೆಯ ಸಂಸ್ಕೃತ ಕಾಲೇಜಿನ ಪ್ರಾಂಶುಪಾಲರಾಗಿದ್ದ ಎಡ್ವಿನ್ ಅರ್ನಾಲ್ಡ್ ಬರೆದ ಬುದ್ಧನ ಕಾವ್ಯ ‘ದಿ ಲೈಟ್ ಆಫ್ ಏಷ್ಯಾ’ 1879ರಲ್ಲಿ ಪ್ರಕಟವಾಗಿ ಮನೆಮನೆ ಸೇರಿತು. ಸಿಲೋನಿನಲ್ಲಿ ಸರ್ಕಾರಿ ಅಧಿಕಾರಿಯಾಗಿದ್ದ ರೀಸ್ ಡೇವಿಡ್ಸ್ 1881ರಲ್ಲಿ ಪಾಲಿ ಟೆಕ್ಸ್ಟ್ ಸೊಸೈಟಿ ಕಟ್ಟಿದರು. ತ್ರಿಪಿಟಕ ಅಚ್ಚಾಯಿತು, ಅನುವಾದವಾಯಿತು. ಓದುವವರು ಸಿಕ್ಕರು, ಅನ್ನವಿಕ್ಕುವವರು ಸಿಕ್ಕಲಿಲ್ಲ.

ಅರ್ನಾಲ್ಡರ ಕಾವ್ಯ ಓದಿ ಮನಸೋತ ಹುಡುಗರಲ್ಲಿ ಅಲನ್ ಬೆನೆಟ್ ಒಬ್ಬ. ಬರ್ಮಾಕ್ಕೆ ಹೋಗಿ ಆನಂದ ಮೆತ್ತೇಯ್ಯ ಎಂಬ ಭಿಕ್ಷುವಾಗಿ, 1908ರ ಏಪ್ರಿಲ್‌ನಲ್ಲಿ ಹುಟ್ಟೂರಾದ ಲಂಡನ್ನಿಗೆ ಮರಳಿದರು. ಸ್ವಾಗತಿಸಲೆಂದೇ ಅಲ್ಲೊಂದು ಬೌದ್ಧ ಸಂಘವೂ ಸ್ಥಾಪನೆಯಾಗಿತ್ತು. ಆದರೆ ಭಿಕ್ಷು ಹಣ ಮುಟ್ಟುವಂತಿಲ್ಲ, ಮಧ್ಯಾಹ್ನ ಕಳೆದ ಮೇಲೆ ಉಣ್ಣುವಂತಿಲ್ಲ, ಹೆಂಗಸರು ಮಲಗುವ ಸೂರಿನಡಿ ಮಲಗುವಂತಿಲ್ಲ. ಈ ವಿನಯ ನಿಯಮಗಳನ್ನು ಹೊತ್ತವರನ್ನು ಸಾಕುವುದು ಹೇಗೆಂದು ಆ ಊರಿಗೆ ತಿಳಿದಿರಲಿಲ್ಲ. ಆರು ತಿಂಗಳಲ್ಲಿ ಅವರು ಬರ್ಮಾದ ಹಡಗು ಹತ್ತಿದರು.

ಭಿಕ್ಷುಗಳಿಗೊಂದು ನೆಲೆ ಬೇಕೆಂದು 1956ರಲ್ಲಿ ಇಂಗ್ಲಿಷ್ ಸಂಘ ಟ್ರಸ್ಟ್ ಹುಟ್ಟಿತು. ಹ್ಯಾಂಪ್‌ಸ್ಟೆಡ್‌ನಲ್ಲಿ ಮನೆ ಕೊಂಡರು. ಬಂದ ಭಿಕ್ಷುಗಳು ಹೆಚ್ಚು ಕಾಲ ನಿಲ್ಲಲಿಲ್ಲ. ಕೊನೆಗೆ 1977ರಲ್ಲಿ ಟ್ರಸ್ಟಿನವರು ಥೈಲ್ಯಾಂಡಿನ ಅರಣ್ಯ ಪರಂಪರೆಯ ಗುರು ಅಜಾನ್ (ಎಂದರೆ ಆಚಾರ್ಯ) ಚಾ ಅವರನ್ನು ಕರೆಸಿದರು. ಅವರೊಡನೆ ಬಂದವರಲ್ಲಿ ಅಜಾನ್ ಸುಮೇಧೋ ಮುಖ್ಯರು. ಸಿಯಾಟಲ್‌ನಲ್ಲಿ ಹುಟ್ಟಿದ ಈ ಅಮೆರಿಕನ್, ಗುರುಗಳ ಮೊದಲ ಪಾಶ್ಚಾತ್ಯ ಶಿಷ್ಯ. ಶಿಷ್ಯರನ್ನು ಲಂಡನ್ನಿನಲ್ಲೇ ಬಿಟ್ಟು ಹೊರಡುವ ಮುನ್ನ ಗುರುಗಳು ವಿಧಿಸಿದ ಶಿಸ್ತು ಸರಳವಾಗಿತ್ತು: ಯಾರು ಕೊಡಲಿ ಬಿಡಲಿ, ದಿನವೂ ಭಿಕ್ಷೆಗೆ ಹೊರಡಬೇಕು.

ಇದು ಹಟದಂತೆ ಕಾಣಬಹುದು. ಆದರೆ ಭಿಕ್ಷುವಿನ ಬದುಕಿನ ತಿರುಳೇ ಅದು. ಅವನು ಬೇಯಿಸಿಕೊಳ್ಳುವಂತಿಲ್ಲ, ನಾಳೆಗೆಂದು ಎತ್ತಿಡುವಂತಿಲ್ಲ. ದಿನ ಬೆಳಗಾದರೆ ಜನರ ಮುಂದೆ ನಿಲ್ಲಲೇಬೇಕು. ಗೃಹಸ್ಥರು ಅನ್ನ ಕೊಡುತ್ತಾರೆ, ಭಿಕ್ಷು ಧರ್ಮ ಕೊಡುತ್ತಾನೆ. ಈ ಕೊಡು-ಕೊಳ್ಳುವಿಕೆ ಇಲ್ಲದೆ ಬೌದ್ಧಧರ್ಮ ಒಂದು ತತ್ವಶಾಸ್ತ್ರವಾಗಿ ಕಪಾಟಿನಲ್ಲಿ ಉಳಿದೀತು. ಇಂಗ್ಲೆಂಡಿನಲ್ಲಿ ನೂರು ವರ್ಷ ಉಳಿದದ್ದು ಹಾಗೆಯೇ.

ಕಾಡು ಸಿಕ್ಕಿತು, ವಾಸಕ್ಕೆ ಸೂರಿರಲಿಲ್ಲ. ಟ್ರಸ್ಟ್ ಹ್ಯಾಂಪ್‌ಸ್ಟೆಡ್‌ನ ಆಸ್ತಿ ಮಾರಿ, ಕಾಡಿನ ಹತ್ತಿರದ ಚಿತ್‌ಹರ್ಸ್ಟ್ ಹೌಸ್ ಎಂಬ ಹಳೆಯ ಬಂಗಲೆ ಕೊಂಡಿತು. 1979ರ ಜೂನ್‌ನಲ್ಲಿ ಭಿಕ್ಷುಗಳು ಹೊಕ್ಕಾಗ ಅದು ಪಾಳುಬಿದ್ದಿತ್ತು. ಮರಗೆಲಸ, ಗಾರೆಗೆಲಸಗಳಲ್ಲೇ ವರ್ಷಗಳು ಉರುಳಿದವು. ಮಠಕ್ಕೆ ಊರಿನ ಹೆಸರಿನ ದನಿಯನ್ನೇ ಹಿಡಿದು ‘ಚಿತ್ತವಿವೇಕ’ ಎಂದು ಹೆಸರಿಟ್ಟರು. ನಾವು ವಿವೇಕ ಎಂದರೆ ಜಾಣ್ಮೆ ಎನ್ನುತ್ತೇವೆ; ಪಾಲಿಯಲ್ಲಿ ಅದಕ್ಕೆ ಏಕಾಂತ ಎಂದರ್ಥ. 1981ರಲ್ಲಿ ಅಲ್ಲಿ ‘ಸೀಮಾ’, ಅಂದರೆ ದೀಕ್ಷಾವಿಧಿಗೆ ಬೇಕಾದ ಎಲ್ಲೆಯನ್ನು ಗುರುತಿಸಲಾಯಿತು. ಭಿಕ್ಷುವಾಗಲು ಥೈಲ್ಯಾಂಡಿಗೆ ಹೋಗಬೇಕಾದ ಕಾಲ ಅಲ್ಲಿಗೆ ಮುಗಿಯಿತು.

ಬದಲಾದದ್ದೂ ಕಡಿಮೆಯಿಲ್ಲ. ಥೈಲ್ಯಾಂಡಿನಲ್ಲಿ ಗಂಡುಮಕ್ಕಳು ಕೆಲವು ವಾರಗಳ ಮಟ್ಟಿಗೆ ಭಿಕ್ಷುವಾಗಿ ಮನೆಗೆ ಮರಳುವ ರೂಢಿಯಿದೆ. ಇಂಗ್ಲೆಂಡಿನಲ್ಲಿ ಹಾಗಲ್ಲ. ಮೊದಲು ಒಂದೆರಡು ವರ್ಷ ಬಿಳಿಬಟ್ಟೆಯ ‘ಅನಗಾರಿಕ’ರಾಗಿ ಎಂಟು ಶೀಲ ಪಾಲಿಸಬೇಕು. ಅಡುಗೆ ಮಾಡುವುದು, ವಾಹನ ಓಡಿಸುವುದು ಮುಂತಾಗಿ ಭಿಕ್ಷುವಿಗೆ ಸಲ್ಲದ ಕೆಲಸಗಳೆಲ್ಲ ಅವರ ಪಾಲು. ಚಳಿಗೆ ಉಣ್ಣೆಯ ಟೋಪಿ ಬಂತು. ನಮ್ಮ ಚಾತುರ್ಮಾಸ್ಯದಂತಹ ವರ್ಷಾವಾಸ ಜುಲೈನಿಂದ ಮೂರು ತಿಂಗಳು. ಅದು ಏಷ್ಯಾದ ಮುಂಗಾರು ಗೊತ್ತುಮಾಡಿದ ಲೆಕ್ಕ. ಇಂಗ್ಲೆಂಡಿನಲ್ಲಿ ಅದು ಹಿತವಾದ ಬೇಸಿಗೆ. ಅದನ್ನು ಬಿಡದೆ, ಜನವರಿಯಿಂದ ಮಾರ್ಚ್‌ವರೆಗೆ ಚಳಿಗಾಲದ ಮೌನವಾಸವೊಂದನ್ನು ಕೂಡಿಸಿಕೊಂಡರು. ನೆಲದ ಹವಾಮಾನ ಧರ್ಮದ ಪಂಚಾಂಗದೊಳಗೆ ಬಂದದ್ದು ಹೀಗೆ.

ಬಿಸಿ ಮುಟ್ಟಿದ್ದು ಹೆಣ್ಣುಮಕ್ಕಳ ಪ್ರಶ್ನೆಯಲ್ಲಿ. 1979ರಲ್ಲೇ ನಾಲ್ವರು ಮಹಿಳೆಯರು ಬಿಳಿಬಟ್ಟೆ ಉಟ್ಟು ಚಿತ್‌ಹರ್ಸ್ಟ್ ಸೇರಿದ್ದರು. ಥೈಲ್ಯಾಂಡ್ ಅನುಸರಿಸುವ ಥೇರವಾದದಲ್ಲಿ ಭಿಕ್ಖುನಿ ಪರಂಪರೆ ಶತಮಾನಗಳ ಹಿಂದೆಯೇ ಕಡಿದುಹೋಗಿತ್ತು; ಥಾಯ್ ಸಂಘ ಅದನ್ನು ಮತ್ತೆ ಜೋಡಿಸಲು ಒಪ್ಪದು. 1983ರಲ್ಲಿ ಸುಮೇಧೋ ನಡುದಾರಿ ಕಂಡುಕೊಂಡರು: ಹತ್ತು ಶೀಲಗಳ, ಕಂದು ಚೀವರದ ‘ಶೀಲಧರಾ’ ಎಂಬ ಹೊಸ ಸನ್ಯಾಸಿನಿ ಸಂಘ. ಇಂಗ್ಲೆಂಡಿನ ನೆಲದಲ್ಲೇ ಹುಟ್ಟಿದ ವ್ಯವಸ್ಥೆಯಿದು. ಆದರೂ ಅತ್ಯಂತ ಕಿರಿಯ ಭಿಕ್ಷುವೂ ಹಿರಿಯ ಸನ್ಯಾಸಿನಿಗಿಂತ ಮೇಲೆಂಬ ಕ್ರಮ ಉಳಿಯಿತು. 2009ರಲ್ಲಿ ಅದನ್ನು ಮತ್ತೆ ಗಟ್ಟಿಮಾಡಿದಾಗ ಹಲವರು ಸಂಘ ತೊರೆದರು. ಅದೇ ವರ್ಷ ಆಸ್ಟ್ರೇಲಿಯದಲ್ಲಿ ಇದೇ ಪರಂಪರೆಯ ಅಜಾನ್ ಬ್ರಹ್ಮ್ ನಾಲ್ವರಿಗೆ ಭಿಕ್ಖುನಿ ದೀಕ್ಷೆ ಕೊಡಿಸಿದಾಗ, ಥೈಲ್ಯಾಂಡಿನ ಮೂಲ ಮಠ ಅವರ ವಿಹಾರವನ್ನು ತನ್ನ ಶಾಖೆಗಳ ಪಟ್ಟಿಯಿಂದ ತೆಗೆಯಿತು. ಬೇರು ಬಿಡುವುದೆಂದರೆ ನೆಲದ ನ್ಯಾಯಕ್ಕೂ ಕಿವಿಗೊಡುವುದು; ಇಲ್ಲಿ ಸಂಘ ಸೋತಿದೆ ಎಂದೇ ಹೇಳಬೇಕು.

ಇನ್ನೊಂದು ಕವಲು ಮಠವನ್ನೇ ಬಿಟ್ಟು ಹರಿಯಿತು. ಬುದ್ಧನ ‘ಸತಿ’, ಅಂದರೆ ಎಚ್ಚರದ ಧ್ಯಾನವನ್ನು ಧರ್ಮದಿಂದ ಬಿಡಿಸಿ ರೂಪಿಸಿದ ಮೈಂಡ್‌ಫುಲ್‌ನೆಸ್ ಚಿಕಿತ್ಸೆಯನ್ನು, ಮರುಕಳಿಸುವ ಖಿನ್ನತೆಗೆ ಬಳಸಬಹುದೆಂದು ಬ್ರಿಟನ್ನಿನ ಆರೋಗ್ಯ ಮಾರ್ಗಸೂಚಿ 2004ರಲ್ಲೇ ಹೇಳಿತು. ಅದರಿಂದ ಗುಣ ಕಂಡವರು ಅನೇಕರು. ಆದರೆ ಅಲ್ಲಿ ಶೀಲವಿಲ್ಲ, ದಾನವಿಲ್ಲ, ಪಾತ್ರೆಯೂ ಇಲ್ಲ.

2021ರ ಜನಗಣತಿಯಲ್ಲಿ ಇಂಗ್ಲೆಂಡ್ ಮತ್ತು ವೇಲ್ಸ್‌ನ ಸುಮಾರು 2.73 ಲಕ್ಷ ಜನ ತಮ್ಮನ್ನು ಬೌದ್ಧರೆಂದು ಬರೆಸಿದ್ದಾರೆ, ಜನಸಂಖ್ಯೆಯ ಶೇಕಡ 0.5ರಷ್ಟು. ಅದಕ್ಕೂ ಎರಡು ದಶಕಗಳ ಹಿಂದೆ ಅದು 1.44 ಲಕ್ಷ. ಇದಕ್ಕೆಲ್ಲ ಬಹಳ ಮುಂಚೆಯೇ, ಚಿತ್‌ಹರ್ಸ್ಟ್ ಸಾಲದಾದಾಗ, ಲಂಡನ್ನಿನ ವಾಯವ್ಯಕ್ಕಿರುವ ಹರ್ಟ್‌ಫರ್ಡ್‌ಶೈರ್‌ನ ಹಳೆಯ ಶಾಲೆಯೊಂದರ ಮರದ ಕಟ್ಟಡಗಳಲ್ಲಿ ಅಮರಾವತಿ ವಿಹಾರ ಆರಂಭವಾಯಿತು. ಕೃಷ್ಣೆಯ ದಡದ ಸ್ತೂಪದೂರಿನ ಹೆಸರೇ ಅದಕ್ಕೆ. 1999ರಲ್ಲಿ ಅಲ್ಲಿ ಓಕ್ ತೊಲೆಗಳ ಮಂದಿರ ಎದ್ದಿತು. 2010ರಲ್ಲಿ ಸುಮೇಧೋ ಅಲ್ಲಿನ ಮುಖ್ಯಸ್ಥರ ಹೊಣೆ ಇಳಿಸಿದಾಗ ಆ ಜಾಗಕ್ಕೆ ಬಂದವರು ಕೆಂಟ್‌ನಲ್ಲಿ ಹುಟ್ಟಿದ ಅಜಾನ್ ಅಮರೋ.

ಥಾಯ್, ಸಿಂಹಳ, ಇಂಗ್ಲಿಷ್ ಕುಟುಂಬಗಳು ಈಗ ಅಡುಗೆ ಮಾಡಿ ತಂದು ಪಾತ್ರೆಗೆ ಬಡಿಸುತ್ತವೆ. ಉಳಿದದ್ದನ್ನು ಬಂದವರೆಲ್ಲ ಹಂಚಿಕೊಂಡು ಉಣ್ಣುತ್ತಾರೆ. ಮಕ್ಕಳನ್ನು ನೋಡಲು ಲಂಡನ್ನಿಗೆ ಹೋಗುವ ಕನ್ನಡಿಗರು ಈಗ ಬಹಳ. ಹೆಮೆಲ್ ಹೆಂಪ್‌ಸ್ಟೆಡ್ ಪಟ್ಟಣದಿಂದ ಅಮರಾವತಿ ದೂರವಿಲ್ಲ. ಹೋಗುವುದಾದರೆ ಒಂದು ಡಬ್ಬಿ ಚಿತ್ರಾನ್ನ ಕಟ್ಟಿಕೊಂಡು, ಮಧ್ಯಾಹ್ನಕ್ಕೆ ಮುಂಚೆ ತಲುಪಿ.